ಅವ್ವ ಅಂದದ್ದು ಯಾರಿಗೆ

ಸವದತ್ತಿ
೧೨ ಫೆಬ್ರುವರಿ ೨೦೨೫

ಬೈಲಹೊಂಗಲದಲ್ಲಿರುವ ನನ್ನ ಅವ್ವನಿಗೆ ಉಮಾಶ್ರೀ ಮಾಡುವ ನಮಸ್ಕಾರ.

ನಾನು ಆರಾಮ ಇದ್ದೇನೆ. ಫೋನ್ ಇರುವಾಗ ಪತ್ರ ಯಾಕೆ ಅಂತ ನಿನಗೆ ಅನಿಸಬಹುದು. ಫೋನಿನಲ್ಲಿ ನೀನು ನನಗೆ ಮಾತು ಮುಗಿಸಲು ಬಿಡುವುದಿಲ್ಲ. ಊಟ ಆಯಿತೇ ಅನ್ನುವಲ್ಲಿಗೇ ಅರ್ಧ ಹೊತ್ತು ಹೋಗುತ್ತದೆ. ಈ ಭಾನುವಾರ ಮನೆಗೆ ಬರುವುದಿಲ್ಲ. ಯಾಕೆಂದು ಕೊನೆಗೆ ಬರೆಯುತ್ತೇನೆ, ಅಲ್ಲಿಯವರೆಗೆ ಸಿಟ್ಟಾಗದೆ ಓದು.

ನನ್ನ ಪಿಎಚ್.ಡಿ. ಯಾವುದರ ಮೇಲೆ ಅಂತ ಅಂಗನವಾಡಿಯ ಟೀಚರುಗಳು ಕೇಳಿದರೆ ನೀನು "ಏನೋ ಜಡ್ಜರ ಪರೀಕ್ಷಾ ಮಾಡತಾಳ್ರಿ" ಅಂದುಬಿಟ್ಟೆಯಂತೆ. ಪರೀಕ್ಷೆ ಅಲ್ಲ. ಜಡ್ಜರು ಕಾರಣಗಳನ್ನು ತೂಗಿ ನೋಡಿ ತೀರ್ಮಾನಕ್ಕೆ ಬರುತ್ತಾರೋ, ಇಲ್ಲಾ ತೀರ್ಮಾನವೇ ಮೊದಲು ಮನಸ್ಸಿಗೆ ಬಂದು ಕಾರಣಗಳನ್ನು ಆಮೇಲೆ ಜೋಡಿಸುತ್ತಾರೋ, ಇಷ್ಟೇ ನನ್ನ ಪ್ರಶ್ನೆ. ಅದಕ್ಕಾಗಿ ಅಪ್ಪಣೆ ಪಡೆದು ಒಂದು ಕೋರ್ಟಿನಲ್ಲಿ ಕೂರುತ್ತೇನೆ. ಯಾವ ಊರಿನದು ಅಂತ ನಿನಗೂ ಹೇಳುವಂತಿಲ್ಲ. ಅಲ್ಲಿ ಬಾಯಿ ಬಿಡುವಂತೆಯೂ ಇಲ್ಲ; ನೋಡಬೇಕು, ಬರೆದುಕೊಳ್ಳಬೇಕು.

ಮೊನ್ನೆ ಒಂದು ಮಗುವಿನ ಕೇಸು ಬಂದಿತ್ತು. ಆರು ವರ್ಷದ ಹುಡುಗಿ. ಹೆಸರು ಬದಲಿಸಿ ನೀಲವ್ವ ಅನ್ನುತ್ತೇನೆ. ಗಂಡ ಹೆಂಡತಿ ಬೇರೆಯಾಗಿದ್ದಾರೆ. ಹುಡುಗಿ ತಂದೆಯ ಮನೆಯಲ್ಲಿ, ಅಜ್ಜಿಯ ಕೈಯಲ್ಲಿ ಬೆಳೆಯುತ್ತಿದ್ದಾಳೆ. ತಾಯಿ ತನ್ನ ಮಗಳನ್ನು ತನಗೆ ಕೊಡಿಸಬೇಕೆಂದು ಕೋರ್ಟಿಗೆ ಬಂದಿದ್ದಾಳೆ. ವರಾಂಡದಲ್ಲಿ ನಾನು ಅವರ ಪಕ್ಕದಲ್ಲೇ ಕೂತಿದ್ದೆ. ಹುಡುಗಿ ಅಜ್ಜಿಗೆ ಅವ್ವ ಅನ್ನುತ್ತಿದ್ದಳು. ಹೆತ್ತವಳಿಗೆ, ಮನೆಯ ಮೈದುನರು ಕರೆಯುವುದನ್ನು ಕೇಳಿ ಕೇಳಿ, ವೈನಿ ಅನ್ನುತ್ತಿದ್ದಳು. ನಮ್ಮ ಕಡೆ ತುಂಬಿದ ಮನೆಯ ಮಕ್ಕಳು ಹೀಗೆ ಕರೆಯುವುದು ಹೊಸದೇನಲ್ಲ.

ಜಡ್ಜರು ಕರಾವಳಿ ಕಡೆಯವರು, ಒಳ್ಳೆಯ ಮನುಷ್ಯ. ಹುಡುಗಿಯನ್ನು ಚೇಂಬರಿಗೆ ಕರೆಸಿ, ಬಿಸ್ಕೀಟು ಕೊಟ್ಟು, ಯಾರ ಹತ್ತಿರ ಇರುತ್ತೀ ಪುಟ್ಟಾ ಅಂತ ಕೇಳಿದರು. "ನಾ ಅವ್ವನ ಕಡೆ ಇರತೇನ್ರಿ" ಅಂದಳು. ಮಗು ತಾಯಿಯ ಜೊತೆ ಇರಲು ಬಯಸುತ್ತದೆ ಅಂತ ಅವರು ಬರೆಸಿದರು. ಮೂಲೆಯಲ್ಲಿ ಕೂತಿದ್ದ ನಾನು ಎರಡೂ ಮಾತನ್ನು ಬರೆದುಕೊಂಡೆ.

ಇವತ್ತು ಆದೇಶಕ್ಕೆ ಮೊದಲು, ನಿಯಮ ಗಿಯಮ ಬದಿಗಿಟ್ಟು, ಜಡ್ಜರ ಎದುರು ನಿಂತು ಹೇಳಿಬಿಟ್ಟೆ: ಸರ್, ಆ ಹುಡುಗಿ ಅವ್ವ ಅಂದದ್ದು ಅಜ್ಜಿಗೆ. ಅವರಿಗೆ ಆಶ್ಚರ್ಯವಾಯಿತು. ಹೇಳಿದ್ದು ಒಳ್ಳೆಯದಾಯಿತು, ಆ ಸಾಲು ತೆಗೆಸುತ್ತೇನೆ ಅಂದರು. ತೀರ್ಪು ಬದಲಾಗುತ್ತದೆಯೇ ಅಂತ ಕೇಳಿದೆ. ಇಲ್ಲವಂತೆ. ಹೆಣ್ಣುಮಗು ತಾಯಿಯ ಹತ್ತಿರ ಬೆಳೆಯಬೇಕು ಅಂತ, ಮಗುವನ್ನು ಕರೆಸುವ ಮೊದಲೇ ಅವರಿಗೆ ಅನಿಸಿಬಿಟ್ಟಿತ್ತಂತೆ. ಮಗುವಿನ ಮಾತು ಸಿಕ್ಕಿತು, ಬರೆಸಿದೆ. ಅದಿಲ್ಲದಿದ್ದರೆ ಅಜ್ಜಿಯ ವಯಸ್ಸಿದೆ, ಶಾಲೆಯ ವಿಷಯವಿದೆ, ಕಾರಣಕ್ಕೇನು ಕೊರತೆ ಅಂದರು.

ನನ್ನ ಪ್ರಬಂಧಕ್ಕೆ ಇದಕ್ಕಿಂತ ದೊಡ್ಡ ಪುರಾವೆ ಸಿಗುವುದಿಲ್ಲ. ಖುಷಿಯಾಗಬೇಕಿತ್ತು, ಆಗಲಿಲ್ಲ. ದುಃಖವೂ ಆಗಲಿಲ್ಲ. ಜೋಮು ಹಿಡಿದ ಕಾಲನ್ನು ಮುಟ್ಟಿಕೊಂಡರೆ ಬೇರೆ ಯಾರದೋ ಕಾಲು ಅನಿಸುತ್ತದಲ್ಲ, ಹಾಗಿದ್ದೆ. ಈಗಲೂ ಹಾಗೇ ಇದ್ದೇನೆ.

ಮಧ್ಯಾಹ್ನ ಆದೇಶವಾಯಿತು. ಹೊರಗೆ ಆ ತಾಯಿ ನನ್ನ ಕೈ ಹಿಡಿದು, "ನನ್ನ ಮಗಳು ಜಡ್ಜರ ಮುಂದ ನಾನೇ ಬೇಕಂದಾಳಂತ್ರಿ, ವಕೀಲರು ಹೇಳಿದ್ರು" ಅಂತ ಅತ್ತಳು. ಆದೇಶದಲ್ಲಿ ಆ ಸಾಲು ಈಗ ಇಲ್ಲ ಅನ್ನುವುದು ಅವಳಿಗೆ ಗೊತ್ತಿರಲಿಲ್ಲ. ಅಜ್ಜಿ ಅಲ್ಲೇ ನಿಂತಿದ್ದಳು. ಆ ಮಾತು ಕೇಳಿ, ಹುಡುಗಿ ಒಳಗೆ ಏನು ಹೇಳಿದ್ದಳು, ಯಾರಿಗೆ ಹೇಳಿದ್ದಳು ಅಂತ ಅವಳಿಗೆ ತಿಳಿಯಿತು. ನಾನು ಅವಳ ಮುಖ ನೋಡಿದೆ. ಆದರೆ ಅಜ್ಜಿ ತಕರಾರು ತೆಗೆಯಲಿಲ್ಲ. "ಹೋಗವಾ, ಇನ್ನ ಮ್ಯಾಲೆ ಅಕಿಗೆ ಅವ್ವಾ ಅನ್ನು" ಅಂತ ಹುಡುಗಿಯ ಕೈಯನ್ನು ಸೊಸೆಯ ಕೈಗೆ ಕೊಟ್ಟಳು. ನಾನು ಬಸ್ ಹತ್ತಿದೆ.

ಈ ಭಾನುವಾರ ತೊರಗಲ್ಲಿಗೆ ಹೋಗುತ್ತೇನೆ, ಅಜ್ಜಿ ಶಟ್ಟೆವ್ವನನ್ನು ನೋಡಲು. ನಿನ್ನ ಅತ್ತೆ ಹಾಸಿಗೆ ಹಿಡಿದಿದ್ದಾಳೆ, ಬಹಳ ದಿನ ಇರಲಿಕ್ಕಿಲ್ಲ ಅಂತ ಸಿದ್ದರಾಮ ಕಾಕಾ ಫೋನ್ ಮಾಡಿದ್ದ. ಆ ಮನೆಯ ಹೊಸ್ತಿಲು ತುಳಿದರೆ ನನ್ನ ಮನೆಗೆ ಬರಬೇಡ ಅಂತ ನೀನು ಹೇಳಿದ್ದು ಮರೆತಿಲ್ಲ. "ಏಳು ವರ್ಷದಾಕಿ ಇದ್ದಾಗ ಕೋರ್ಟಿನ್ಯಾಗ ನಿಂತು ಅವ್ವ ಬೇಕಂದಾಕಿ ನನ್ನ ಮಗಳು" ಅಂತ ಬಂದವರಿಗೆಲ್ಲ ನೀನು ಹೇಳುವಾಗ ನಿನ್ನ ಮುಖ ನೋಡುವುದು ನನಗೆ ಇಷ್ಟ. ಆ ಇಷ್ಟ ಹೋಗಿಲ್ಲ. ಆದರೂ ಹೋಗಿ ಬರುತ್ತೇನೆ. ಬಿಪಿ ಗುಳಿಗೆ ತಪ್ಪಿಸಬೇಡ. ನೀನು ಬಾಗಿಲು ತೆರೆಯುತ್ತೀಯೋ ಇಲ್ಲವೋ, ಸೋಮವಾರ ಮನೆಗೆ ಬರುತ್ತೇನೆ.

ನಿನ್ನ ಮಗಳು,
ಉಮಾಶ್ರೀ

ತಾ.ಕ.: ತೊರಗಲ್ಲಿನಲ್ಲಿದ್ದಾಗ ನಾನೂ ನಿನಗೆ ವೈನಿ ಅನ್ನುತ್ತಿದ್ದೆ. ಇಷ್ಟು ವರ್ಷ ನಾವಿಬ್ಬರೂ ಇದರ ಮಾತೆತ್ತಿಲ್ಲ. ನಿನಗೆ ಅವ್ವ ಅನ್ನುವುದನ್ನು ನನಗೆ ಕಲಿಸಿದವಳು ನೀನೇ, ತೀರ್ಪಾಗಿ ಬೈಲಹೊಂಗಲಕ್ಕೆ ಕರೆತಂದ ಮೇಲೆ.