ಕನ್ನಡಕದೊಳಗಿನ ಬಾಗಿಲು

ಅಮ್ಮಾ,

ನೀನು ಹೋದ ಮೇಲೆ ಮೇಜಿನ ಖಾನೆಯಲ್ಲೇ ಬಿದ್ದಿದ್ದ ನಿನ್ನ ಕನ್ನಡಕವನ್ನು ಇವತ್ತು ಕೆಲಸಕ್ಕೆ ಒಯ್ದಿದ್ದೆ. ಕಳೆದುಹೋದ ಗಳಿಗೆಗಳನ್ನು ಗಾಜಿನಿಂದ ಹೊರತೆಗೆಯುವ ನಮ್ಮ ವಿದ್ಯೆಯನ್ನು ನೀನು ಕೆಲಸವಿಲ್ಲದವರ ಕೆಲಸ ಎನ್ನುತ್ತಿದ್ದೆ. ಗಾಜು ತನ್ನೆದುರು ನಡೆದದ್ದನ್ನೆಲ್ಲ ಹೀರಿಕೊಂಡಿರುತ್ತದೆ. ದೀಪದ ಮುಂದೆ ಹದವಾಗಿ ಕಾಯಿಸಿದರೆ ಬಿಟ್ಟುಕೊಡುತ್ತದೆ. ಆದರೆ ಒಂದೇ ಒಂದು ಸಲ. ಆಮೇಲೆ ಅದು ಬರೀ ಗಾಜು.

ಈ ಕೆಲಸಕ್ಕಾಗಿಯೇ ಜಗಳವಾಡಿ ನಾನು ಮನೆ ಬಿಟ್ಟ ಬೆಳಿಗ್ಗೆ ನಿನ್ನ ಮುಖ ಹೇಗಿತ್ತೆಂದು ನೋಡಬೇಕಿತ್ತು. ದೀಪ ಹಚ್ಚಿದ ಮೇಲೆ ನಮ್ಮ ಮೇಸ್ತ್ರಿ ತಲೆ ಚಚ್ಚಿಕೊಂಡರು.

"ಅಲ್ಲಮ್ಮಾ, ಮುಖ ಬೇಕಾದ್ರೆ ಬಾಗಿಲ ಹತ್ರದ ಕನ್ನಡಿ ತರಬೇಕು ಅಂತ ನಿನ್ನೆ ಸೇರಿದವರಿಗೂ ಗೊತ್ತು. ಕನ್ನಡಕದಲ್ಲಿ ಅವರು ಕಂಡಿದ್ದು ಬರುತ್ತೆ, ಅವರು ಬರಲ್ಲ."

ಅಷ್ಟರಲ್ಲಿ ಗೋಡೆಯ ಮೇಲೆ ನಮ್ಮ ಮನೆಯ ಬಾಗಿಲು ಮೂಡಿಬಿಟ್ಟಿತ್ತು. ನಾನು ಮುಖ ಊದಿಸಿಕೊಂಡು, ಬಗ್ಗಿ ಷೂ ಲೇಸು ಕಟ್ಟುತ್ತಿದ್ದೆ. ಚೀಲ ಎತ್ತಿಕೊಂಡು ಹೊರಟೆ. ಬೀದಿಯ ತಿರುವಿನವರೆಗೆ ನನ್ನ ಬೆನ್ನು ಕಂಡಿತು, ಆಮೇಲೆ ಕಾಣಲಿಲ್ಲ.

ಬಾಗಿಲು ಮಾತ್ರ ಹಾಗೇ ಇತ್ತು. ಯಾರೋ ಸೈಕಲ್ಲಿನವನು ಹಾದುಹೋದ. ಬಿಸಿಲು ಹೊಸ್ತಿಲು ದಾಟಿ ಒಳಗೆ ಬಂತು. ನಡುವೆ ಒಮ್ಮೆ ಎಲ್ಲವೂ ಮಂಜಾಯಿತು. ಬಟ್ಟೆಯ ಅಂಚೊಂದು ಬಂದು ಗಾಜು ಒರೆಸಿತು. ಮತ್ತೆ ಅದೇ ಬಾಗಿಲು, ಅದೇ ತಿರುವು.

"ಮುಗೀತಲ್ಲ, ನೀನು ಹೊರಟೇ ಹೋದ್ಯಲ್ಲ," ಎಂದು ಮೇಸ್ತ್ರಿ ದೀಪದತ್ತ ಕೈ ಚಾಚಿದರು. "ಆರಿಸ್ಲಾ?"

ನಾನು ಅವರ ಕೈ ಹಿಡಿದುಕೊಂಡೆ.

"ಇರಿ. ಅಮ್ಮ ಇನ್ನೂ ನೋಡ್ತಾ ಇದ್ದಾಳೆ."