ಹಳಿಯಾಚೆಗೆ ಹೋದ ಟವರ್

ನಾಲ್ಕನೆಯ ಗ್ರಹಣಶಕೆ, ಎರಡನೇ ಅಧಿಕ ಮಾಘ, ಮೂವತ್ತೆಂಟನೇ ತಾರೀಖು
ಹುಬ್ಬಳ್ಳಿ

ಮಾನ್ಯ ನೀಲಾಂಬಿಕಾ ಅಂಗಡಿಯವರಿಗೆ,

ತಾರೀಖು ನೋಡಿ ಬೆಚ್ಚಬೇಡಿ. ನಮ್ಮ ತಿಂಗಳುಗಳು ನಿಮ್ಮವಕ್ಕಿಂತ ಉದ್ದ. ನಿಮ್ಮ ಕಾಲದ ಕನ್ನಡವನ್ನು ನಾನು ಅಜ್ಜಿಯರ ಬಾಯಿಂದ ಕಲಿತದ್ದು. ಎಲ್ಲಿಯಾದರೂ ಮಾತು ವಿಚಿತ್ರವೆನಿಸಿದರೆ ಹೊಟ್ಟೆಗೆ ಹಾಕಿಕೊಳ್ಳಿ. ನಾನು ನಿಮ್ಮ ವಂಶದವಳಲ್ಲ. ನಿಮ್ಮ ಖಾನಾವಳಿಯಲ್ಲಿ ರೊಟ್ಟಿ ಬಡಿಯುವ ಫಕೀರವ್ವನ ಮೊಮ್ಮಗಳ ಮೊಮ್ಮಗಳು.

ಎದುರುಮನೆಯ ಮಾಳಿಗೆಯ ಮೇಲೆ ಮೊಬೈಲ್ ಟವರ್ ಎದ್ದಾಗ ನೀವು ಪಟ್ಟ ಸಂಕಟ ನಮಗೆ ಗೊತ್ತು. ನಿಮ್ಮ ಸೊಸೆ ಬಸುರಿ. ಟವರಿನಿಂದ ಕೂಸಿಗೆ ಕೆಡುಕಿದೆಯೋ ಇಲ್ಲವೋ ಎಂದು ಒಬ್ಬೊಬ್ಬರು ಒಂದೊಂದು ಹೇಳಿದರು. ನಿಮ್ಮನ್ನು ಕೆರಳಿಸಿದ್ದು ಮಾತ್ರ ಬೇರೆ: ಓಣಿಯಲ್ಲಿ ಯಾರನ್ನೂ ಒಂದು ಮಾತು ಕೇಳಿರಲಿಲ್ಲ. ಕಚೇರಿಯಿಂದ ಕಚೇರಿಗೆ ಅಲೆದು, ಕಡೆಗೆ ನೆರೆಯವರನ್ನೆಲ್ಲ ಸೇರಿಸಿ ಸಾರ್ವಜನಿಕ ಹಿತಾಸಕ್ತಿ ಅರ್ಜಿ ಹಾಕಿದಿರಿ. "ಇಲ್ಲಿ ಬಾಳೇವು ಮಾಡೋರು ನಾವು. ನಮ್ಮನ್ನ ಕೇಳಬೇಕಿತ್ತಲ್ರೀ!" ಎಂದು ವಕೀಲರ ಮೇಜು ಗುದ್ದಿದಿರಂತೆ. ಫಕೀರವ್ವ ಇದನ್ನು ಸಾಯುವವರೆಗೂ ಹೆಮ್ಮೆಯಿಂದ ಹೇಳುತ್ತಿದ್ದಳು.

ಈ ಪತ್ರ ಮುಟ್ಟುವ ಹೊತ್ತಿಗೆ ಕಂಪನಿಯವರು ರಾಜಿಗೆ ಬಂದಿರುತ್ತಾರೆ. ಟವರನ್ನು ರೈಲು ಹಳಿಯ ಆಚೆ ಹಾಕುತ್ತಾರೆ. ಬದಲಿಗೆ ನೀವು ಅರ್ಜಿ ಹಿಂತೆಗೆದುಕೊಳ್ಳಬೇಕು. ಓಣಿಯಲ್ಲಿ ಪೇಢೆ ಹಂಚಿಯೂ ಆಗಿರುತ್ತದೆ.

"ಅದನ್ನ ಎಲ್ಲಿ ಹಾಕ್ತಾರ್ರೀ ಅಕ್ಕಾರ?" ಎಂದು ಪೇಢೆ ಹಂಚಿದ ದಿನವೇ ಫಕೀರವ್ವ ಕೇಳಿದಳು.

"ಊರ ಹೊರಗ ಹಾಕ್ತಾರಂತ, ಬಿಡವಾ."

"ಹಳಿ ದಾಟಿದ್ರ ನಮ್ಮ ಮನಿ ಅಲ್ರೀ?"

ನೀವು ಒಲೆಯ ಉರಿ ಸಣ್ಣ ಮಾಡಿದಿರಿ. ನಾನು ಬಲ್ಲ ಚರಿತ್ರೆಯಲ್ಲಿ, ಮರುದಿನ ನೀವು ನ್ಯಾಯಾಲಯಕ್ಕೆ ಹೋಗಿ ರಾಜಿಗೆ ಸಹಿ ಹಾಕಿದಿರಿ.

ನಿಮ್ಮನ್ನು ನೋಡಿ ಬೇರೆ ಓಣಿಗಳೂ ಅರ್ಜಿ ಹಾಕಿದವು. ಎಲ್ಲರೂ ಗೆದ್ದರು; ಗೆದ್ದವರ ಟವರುಗಳೆಲ್ಲ ಹಳಿ ದಾಟಿ ಬಂದವು. ನಮ್ಮವರು ವಕೀಲರನ್ನು ಹುಡುಕಿಕೊಂಡು ಹೋಗುವಷ್ಟರಲ್ಲಿ ತಡವಾಗಿತ್ತು. ಇಷ್ಟು ವರ್ಷ ತಕರಾರು ಮಾಡದವರು ಒಪ್ಪಿದಂತೆಯೇ ಎಂದು ಒಂದು ಕಾನೂನು ಹುಟ್ಟಿತ್ತು. ನಮ್ಮ ಜಾಗಕ್ಕೆ ಈಗ 'ಒಪ್ಪಿದ ಕೇರಿ' ಎಂದು ಹೆಸರು. ಇಲ್ಲಿ ಹುಟ್ಟಿದ ಕೂಸೂ ಒಪ್ಪಿದ್ದೇ ಲೆಕ್ಕ.

ನಿಮ್ಮ ಟವರುಗಳ ಮರಿಮಕ್ಕಳನ್ನು ನಾವು ದನಿಗಂಬ ಎನ್ನುತ್ತೇವೆ. ಅವು ಮಾತು ಒಯ್ಯುವುದಷ್ಟೇ ಅಲ್ಲ, ಕೇಳಿಸಿಕೊಳ್ಳುತ್ತವೆ ಕೂಡ. ಹಾಗಾಗಿ ಮದುವೆಯ ಮಾತುಕತೆಯನ್ನೂ ನಾವು ಅಂಗೈ ಮೇಲೆ ಬೆರಳಾಡಿಸಿ ಮುಗಿಸುತ್ತೇವೆ. ಮಾಳಿಗೆಗಳು ಕಂಬಗಳ ಸೊತ್ತು. ಹಪ್ಪಳ ಒಣಗಿಸಲು ಹತ್ತಿದ ನನ್ನ ಅತ್ತಿಗೆಯನ್ನು ಕಂಬದ ಕಾವಲಿನವರು ಕರೆದೊಯ್ದರು, ಅವಳು ಇನ್ನೂ ಬಂದಿಲ್ಲ. ಕಂಬಗಳ ನಡುವಿನಿಂದ ಬಿಸಿಲು ಪಟ್ಟಿಪಟ್ಟಿಯಾಗಿ ಬೀಳುತ್ತದೆ. ಗೋಡೆಗೆ ಬೆನ್ನು ಕೊಟ್ಟರೆ ಒಳಗೊಂದು ಗುಂಯ್‌ಗುಟ್ಟುವಿಕೆ. ನಮ್ಮ ಕೂಸುಗಳು 'ಅವ್ವ' ಅನ್ನುವ ಮೊದಲು ಆ ಸದ್ದನ್ನು ಕಲಿಯುತ್ತವೆ. ನನ್ನ ಮಗಳು ನಿನ್ನೆಯಿಂದ ಅದನ್ನೇ ಅನ್ನುತ್ತಿದ್ದಾಳೆ. ನಾನು ಅವಳ ಬಾಯಿ ಮುಚ್ಚಿದೆ. ಕೈ ತೆಗೆದೊಡನೆ ನಕ್ಕು ಮತ್ತೆ ಶುರು ಮಾಡಿದಳು.

ನಿಮ್ಮನ್ನು ಕೆಟ್ಟವರೆಂದು ನಮ್ಮಲ್ಲಿ ಯಾರೂ ಹೇಳುವುದಿಲ್ಲ. ಫಕೀರವ್ವನೂ ಹೇಳಲಿಲ್ಲ, ಮರುದಿನವೂ ರೊಟ್ಟಿ ಬಡಿಯಲು ಬಂದಳು. ನಿಮ್ಮ ಮನೆಗೆ ಹುಟ್ಟಲಿರುವ ಕೂಸನ್ನು ಎರೆದು ಬೆಳೆಸಿದವಳೂ ಅವಳೇ.

ನಾಳೆ ನೀವು ನ್ಯಾಯಾಲಯಕ್ಕೆ ಹೋಗಬೇಕು. ಹೋಗಿ. ಆದರೆ ಫಕೀರವ್ವನನ್ನು ಅಡುಗೆಮನೆಯಲ್ಲಿ ಬಿಟ್ಟು ಹೋಗಬೇಡಿ. ಕೈಹಿಡಿದು ಒಳಗೆ ಕರೆದುಕೊಂಡು ಹೋಗಿ, ನಿಮ್ಮನ್ನು ಕೇಳಿದ ಪ್ರಶ್ನೆಯನ್ನು ನ್ಯಾಯಮೂರ್ತಿಗಳ ಮುಂದೆ ಇನ್ನೊಮ್ಮೆ ಕೇಳಲು ಹೇಳಿ. ಅವಳು ಅಂಜುತ್ತಾಳೆ, ಸೆರಗು ಬಾಯಿಗಿಟ್ಟುಕೊಳ್ಳುತ್ತಾಳೆ. ಆಗ ನೀವು ಪಕ್ಕದಲ್ಲಿ ನಿಂತಿರಿ.

ಇತಿ,
ಒಪ್ಪಿದ ಕೇರಿಯಲ್ಲಿ ಒಪ್ಪದೆ ಬದುಕಿರುವ
ಕರೆವ್ವ