ಬಾಗಿಲು ತೆರೆದಿದೆ ಎಂದವರಿಗೆ

ಹೆಸರು ಹೇಳದೆ ಬಂದುಹೋದವರಿಗೆ ನಮಸ್ಕಾರ.

ಅಕ್ಕನೂ ನಾನೂ ಅಡುಗೆಮನೆಯ ಮೇಜಿನ ಮೇಲೆ ಶುರುಮಾಡಿದ ಕಂಪನಿ ನಮ್ಮದು. ನಮ್ಮ ಆಪ್ ಇನ್ನೂರು ವೃದ್ಧರಿಗೆ ಮಾತ್ರೆಯ ಹೊತ್ತು ನೆನಪಿಸುತ್ತದೆ. ಅದರ ಕೋಡನ್ನು ಸ್ಟಾರ್ಟಪ್‌ನವರ ಫೋರಂಗೆ ಹಾಕುವಾಗ ಸರ್ವರ್‌ನ ಪಾಸ್‌ವರ್ಡನ್ನೂ ಅದರೊಳಗೇ ಬಿಟ್ಟಿದ್ದೆ. ಅಲ್ಲಿ ಉಳಿದವರೆಲ್ಲ ಆಪ್‌ನ ಹೆಸರು ಸರಿಯಿಲ್ಲ, ಬಣ್ಣ ಸರಿಯಿಲ್ಲ ಎಂದು ಕಚ್ಚಾಡುತ್ತಿದ್ದಾಗ ನೀವೊಬ್ಬರು ಆ ಪಾಸ್‌ವರ್ಡ್ ಹಾಕಿ ಸರ್ವರ್‌ನ ಒಳಗೆ ಬಂದಿರಿ. ಒಂದು ಕಡ್ಡಿಯನ್ನೂ ಅಲುಗಿಸದೆ ಚೀಟಿಯೊಂದನ್ನು ಬಿಟ್ಟುಹೋದಿರಿ: “ಬಾಗಿಲು ತೆರೆದಿದೆ ತಂಗಿ, ಬೇಗ ಬೀಗ ಬದಲಾಯಿಸು. ಒಂದೇ ಮಾತ್ರೇನ ಎರಡು ಸಲ ನೆನಪಿಸ್ತಿದೆ, ಅದನ್ನೂ ನೋಡ್ಕೋ.”

“ಹೇಳದೆ ಕೇಳದೆ ನುಗ್ಗಿದವನಿಗೆ ಥ್ಯಾಂಕ್ಸ್ ಬೇರೆ ಹೇಳ್ತೀಯಾ?” ಎಂದು ಅಕ್ಕ ರೇಗಿದಳು. ಚೀಟಿಯ ಎರಡನೆಯ ಸಾಲು ಓದಿದವಳೇ ಮನೆಗೆ ಫೋನ್ ಮಾಡಿದಳು. ಅವಳ ಅತ್ತೆಯೂ ಆ ಇನ್ನೂರರಲ್ಲಿ ಒಬ್ಬರು.

ಎರಡೂ ತಪ್ಪು ತಿದ್ದಿದ್ದೇನೆ. ಫೋರಂನಲ್ಲಿ ಎಷ್ಟು ಹುಡುಕಿದರೂ ನಿಮ್ಮ ಸುಳಿವಿಲ್ಲ. ಅದಕ್ಕೇ ಹಳೆಯ ಪಾಸ್‌ವರ್ಡ್‌ಗೆ ತೆರೆದುಕೊಳ್ಳುವ ಖಾಲಿ ಸರ್ವರ್ ಒಂದನ್ನು ಇಟ್ಟಿದ್ದೇನೆ. ಅದರಲ್ಲಿ ಈ ಪತ್ರ ಬಿಟ್ಟರೆ ಬೇರೇನೂ ಇಲ್ಲ.

ತಿದ್ದಿದ ಕೋಡನ್ನು ಮತ್ತೆ ಫೋರಂಗೇ ಹಾಕಿದ್ದೇನೆ, ದಯವಿಟ್ಟು ಒಮ್ಮೆ ನೋಡಿ, ಬೈಯುವುದಿದ್ದರೆ ಧಾರಾಳವಾಗಿ ಬೈಯಿರಿ. ಹೋಗುವಾಗ ಮಾತ್ರ ಈ ಬಾಗಿಲನ್ನು ನೀವೇ ಮುಚ್ಚಿಕೊಂಡು ಹೋಗಿ. ನನಗೆ ಮನಸ್ಸು ಬರುತ್ತಿಲ್ಲ.

ಇಂತಿ,
ಬೀಗ ಮರೆತ ತಂಗಿ